ಹಾಸಿಗೆ ಬದಲು

ಶಿಡ್ಲಘಟ್ಟ, ಗೂಡಿನ ಮಾರುಕಟ್ಟೆಯ ಹಿಂದಿನ ಬೀದಿ.
ಗಂಗಿರೆಡ್ಡಿಯವರ ಫ್ಲೆಕ್ಸ್ ಅಂಗಡಿಯಲ್ಲಿ ಮಾನಿಟರು ಎರಡು.
ನನ್ನೆದುರಿಗಿರುವುದು ಮುಚ್ಚಿಹೋದ ಟ್ರೈನಿಂಗ್ ಸೆಂಟರಿನದು,
ಮೇಲಿನ ಎಡಮೂಲೆಯಲ್ಲಿ ಅರಿಶಿನದ ಕಲೆ,
ಒರೆಸಿದರೆ ಹೋಗದ್ದು, ಒಳಗಿನದು.
ಇನ್ನೊಂದು ಹೊಸದು, ಅಗಲ,
ಗಿರಾಕಿಗಳ ಬೆಂಚಿನತ್ತ ಓರೆ ಮುಖ.
ಹಗಲೆಲ್ಲ ಅದರಲ್ಲಿ ಹಸಿರು ಗುಡ್ಡ, ನೀಲಿ ಆಕಾಶ,
ಅಂಗಡಿಯ ಫೋನ್ ನಂಬರು.

ರಾತ್ರಿ ಹನ್ನೊಂದಕ್ಕೆ ಪ್ರಿಂಟರಿನ ಬಾಯಿಗೆ
ನಲವತ್ತಡಿ ಹುಟ್ಟುಹಬ್ಬ ಕೊಟ್ಟು
ನಾನು ಕಾರು ಓಡಿಸುತ್ತೇನೆ.
ಆಟ ತೆರೆದುಕೊಳ್ಳುವುದು ಹಳೆಯದರಲ್ಲೇ.
ಎಡಕ್ಕೆ ತಿರುಗಿದಾಗೆಲ್ಲ ರಸ್ತೆ ಆ ಹಳದಿಗೆ ನುಗ್ಗುತ್ತದೆ
ಕಾಮಾಲೆ ಹತ್ತಿದ ಊರನ್ನು ದಾಟಿದ ಹಾಗೆ.

ಆಚೆಗೆ ಎಳೆದು ನೋಡಿದೆ.
ಪರದೆ ತುಂಬ ಹರಡಿ ಕೂತ ಆಟಕ್ಕೆ
ಹಿಡಿಯಲು ಕಿವಿಯಿಲ್ಲ, ಜುಟ್ಟಿಲ್ಲ.
ಆಲ್ಟ್ ಎಂಟರ್ ಒತ್ತಿ ಕುಗ್ಗಿಸಿ, ತಲೆಪಟ್ಟಿ ಹಿಡಿದು ಜಗ್ಗಿದೆ:
ಅರ್ಧ ಕಾರು ಇಲ್ಲಿ, ಅರ್ಧ ಅಲ್ಲಿ.
ಎರಡೂ ಒಂದೇ ಎತ್ತರದವಲ್ಲವಲ್ಲ,
ಮುಂದಿನ ಚಕ್ರ ಗೇಣು ಮೇಲೆ, ಹಿಂದಿನದು ಕೆಳಗೆ,
ನಡುವೆ ಎರಡು ಬೆರಳು ಕಪ್ಪು ಪ್ಲಾಸ್ಟಿಕ್ಕು.
ಡ್ರೈವರು ಕೂರುವ ಜಾಗ ಸರಿಯಾಗಿ ಅಲ್ಲಿ.
ಮತ್ತೆ ಹಿಗ್ಗಿಸಿದರೆ ಚಂಗನೆ ಹಳೇ ಮನೆಗೇ.
ವಿಂಡೋಸ್, ಶಿಫ್ಟ್, ಬಲದ ಬಾಣ,
ಮೂರು ಬೆರಳಲ್ಲಿ ಚಿವುಟಿ ಎಸೆದೆ.
ಹೋಯಿತು. ಕಪ್ಪಾಯಿತು.
ವಾಪಸು ಬಂತು, ಫ್ಲೆಕ್ಸಿಗೆ ಕೊಟ್ಟ ಚೆಕ್ಕಿನ ಹಾಗೆ.

ಬೆಂಚಿನ ಮೇಲೆ ಪಾಪಮ್ಮ, ದಿಬ್ಬೂರಹಳ್ಳಿಯವಳು.
ಬೆಳಗಿನ ಹರಾಜಿಗೆ ಗೂಡು ತಂದು
ನಮ್ಮ ಫ್ಯಾನಿನ ಕೆಳಗೆ ರಾತ್ರಿ ಕಳೆಯುವವಳು,
ಚೀಲಗಳಿಗೆ ಕಾಲು ತಾಗಿಸಿಕೊಂಡೇ.
ನಿದ್ದೆ ಹೋಗಿದ್ದಾಳೆಂದುಕೊಂಡಿದ್ದೆ.

"ಯಾಕಪ್ಪಾ ಅದನ್ನ ಹಂಗೆ ಹಿಂಡ್ತೀಯ?
ನಾಕನೇ ಜ್ವರ ಎದ್ದ ಹುಳಾನ ಕೈಲಿ ಕೀಳ್ತಾರಾ?
ಹಳೇ ಸೊಪ್ಪನ್ನ ಅವಚಿಕೊಂಡಿರ್ತದೆ. ಕಿತ್ರೆ ಗಾಯ."
"ಮತ್ತೆ ಹಾಸಿಗೆ ಹೆಂಗೆ ಬದಲಾಯಿಸ್ತೀರಿ?"
"ಮೇಲೊಂದು ಬಲೆ ಹಾಸೋದು, ಬಲೆ ಮೇಲೆ ಹೊಸ ಸೊಪ್ಪು.
ನಾವು ಕಾಪಿ ಕುಡ್ದು ಬರೋ ಹೊತ್ಗೆ ಅವೇ ಹತ್ತಿರ್ತವೆ.
ಬಲೆ ಎತ್ತು, ಅಷ್ಟೇ.
ಅದರ ಊಟ ಯಾವ ಕಡೆ ಇಟ್ಟಿದೀಯ, ಮೊದ್ಲು ನೋಡು"
ಅಂದು ಸೆರಗು ಮುಖಕ್ಕೆಳೆದು ಮಗ್ಗುಲಾದಳು.

ಊಟ.
ಸೆಟ್ಟಿಂಗ್ಸಿನಲ್ಲಿ ಎರಡು ಚೌಕ, ಒಂದು, ಎರಡು ಎಂದು ಬರೆದವು.
ಎರಡನೆಯದನ್ನು ಮುಟ್ಟಿ ಕೆಳಗಿನ ಸಾಲಿಗೆ ಗುರುತು ಹಾಕಿದೆ:
ಇದೇ ಮುಖ್ಯ ಪರದೆ.
ಸದ್ದಿಲ್ಲದೆ ಐಕಾನುಗಳು ಎದ್ದು
ಆಚೆ ದಡ ಸೇರಿದವು, ಗಡಿಯಾರ ಸಮೇತ.
ಆಟ ತೆರೆದೆ. ಕಾರು ಹೊಸದರಲ್ಲೇ ಕಣ್ಣು ಬಿಟ್ಟಿತು,
ಯಾವತ್ತೂ ಅಲ್ಲೇ ಇದ್ದದ್ದರ ಹಾಗೆ.
ಕೀಬೋರ್ಡಿನ ವೈರು ಎಳೆದುಕೊಂಡು ಬೆಂಚಿನ ತುದಿಗೆ ಕೂತೆ.
ಪಾಪಮ್ಮನ ಗೊರಕೆ, ಪ್ರಿಂಟರಿನ ಗರಗರ, ಎಂಜಿನ್ನು,
ಮೂರೂ ಒಂದೇ ಗೇರಿನಲ್ಲಿ.

ಗುರುತು ತೆಗೆಯುವುದು ಮರೆತುಹೋಯಿತು.

ಬೆಳಿಗ್ಗೆ ರೆಡ್ಡಿಯವರು: "ಎಲ್ಲೋ ನನ್ನ ಫೈಲುಗಳು?"
ಎದುರಿನ ಪರದೆಯಲ್ಲಿ ಬರೀ ಗುಡ್ಡ, ಬರೀ ಆಕಾಶ,
ಹಳದಿ ಮೋಡ ಒಂದು.
ಬೈಗುಳ ತೆಲುಗಿನಲ್ಲಿ ಶುರುವಾಗಿ ಕನ್ನಡಕ್ಕೆ ಬರುವಷ್ಟರಲ್ಲಿ
ಪಾಪಮ್ಮ ಎದ್ದುಹೋದ ಜಾಗದಲ್ಲಿ ಕೂತಿದ್ದ ಬ್ಯಾಟಪ್ಪ
ಮಂಡಿಗೆ ಕೈಯೂರಿ ಪರದೆ ಓದುತ್ತಿದ್ದ.
ಅವನ ತಂದೆಯ ವೈಕುಂಠ ಸಮಾರಾಧನೆ, ಆರಡಿಗೆ ನಾಲ್ಕು,
ಮೂರು ದಿನದಿಂದ ನಾನೊಬ್ಬನೇ ನೋಡಿ ಸರಿಯಿದೆ ಎಂದದ್ದು.

"ಸಾ, ಒಂದ್ನಿಮಿಷ.
ಅಂಜಿನಪ್ಪ ಅಲ್ಲ, ಆಂಜಿನಪ್ಪ.
ಯಾರಿಗೂ ಅಂಜಿದೋನಲ್ಲ ನಮ್ಮಪ್ಪ."