ವೀಸದ ಮೂರರಲ್ಲೊಂದು

ಎವೊರಾದ ಹರಾಜಿನಲ್ಲಿ ಯಜಮಾನ ಬೆಲ್ಮೀರೊ
ಹನ್ನೊಂದು ಯೂರೋ ಕೊಟ್ಟು ತಂದ ಪುಸ್ತಕ,
ಬಾಗಿಲು ಮುಚ್ಚಿದ ಯಾವುದೋ ಕನ್ಯಾಮಠದ್ದು.
ರಟ್ಟಿಗೆ ಜಿಡ್ಡು, ಹೊಲಿಗೆ ಸಡಿಲ.
ಹತ್ತೊಂಬತ್ತನೆಯ ಪುಟದಲ್ಲಿ ಬಾದಾಮಿ ಕೇಕು:
ನಲವತ್ತೆಂಟು ಬಾಯಿಗೆ
ಮೊಟ್ಟೆಯ ಹಳದಿ ಅರವತ್ತು,
ಸಕ್ಕರೆ ಆರು ರಾತಲು, ಬಾದಾಮಿ ನಾಲ್ಕು,
ಚಕ್ಕೆ ಒಂದು ಕಡ್ಡಿ.
ಒಲೆಯಲ್ಲಿ, ಒಂದು ಜಪಸರ ಮುಗಿಯುವಷ್ಟು ಹೊತ್ತು.

"ಗಾಜಿನ ಕಪಾಟಿಗೆ ಇಪ್ಪತ್ತು ಸಾಕು, ಜೆನೊವೇವಾ,
ಲೆಕ್ಕ ಹಾಕಿಡು" ಎಂದು ಯಜಮಾನ ಊಟಕ್ಕೆ ಹೋದ.
ನಲವತ್ತೆಂಟರಲ್ಲಿ ಇಪ್ಪತ್ತು.
ನಾಲ್ಕರಿಂದ ಹೊಡೆದರೆ ಹನ್ನೆರಡರಲ್ಲಿ ಐದು.
ಭಿನ್ನರಾಶಿಯ ದಿನ ಹೊಟ್ಟೆನೋವು ಎಂದು
ಮನೆಯಲ್ಲೇ ಉಳಿಯುತ್ತಿದ್ದವಳು ನಾನು,
ಈಗ ಹಿಟ್ಟಿನ ಚೀಲದ ಬೆನ್ನ ಮೇಲೆ ಗೀಚುತ್ತಿದ್ದೇನೆ:
ಹಳದಿ ಇಪ್ಪತ್ತೈದು. ಸಕ್ಕರೆ ಎರಡೂವರೆ ರಾತಲು.
ಬಾದಾಮಿ ಒಂದು, ಮೇಲೆ ಮೂರರಲ್ಲೆರಡು.

ಆಗ ಕಣ್ಣು ಪುಟದ ಅಂಚಿಗೆ ಹೋಯಿತು.
ನನಗಿಂತ ಮೊದಲೇ ಯಾರೋ ಭಾಗಿಸಿದ್ದಾರೆ.

ದುಂಡನೆಯ ಅಕ್ಷರ, ಕಂದು ಮಸಿ: ಮುಕ್ಕಾಲು. ಹಳದಿ ನಲವತ್ತೈದು.
ಅದರಡಿ ಬೇರೊಂದು ಕೈ, ಅವಸರದ್ದು: ಅರೆ. ಮೂವತ್ತು.
ಆಮೇಲೆ ಕಾಲು. ಹದಿನೈದು.
ಜ್ವರ ಬಂತೋ,
ಇನ್ನು ಹೊಸ ಹುಡುಗಿಯರನ್ನು ಸೇರಿಸಕೂಡದು ಎಂದು
ಲಿಸ್ಬನ್ನಿನಿಂದ ಕಾಗದ ಬಂತೋ,
ಅಂಚು ಹೇಳುವುದಿಲ್ಲ.
ಅದಕ್ಕೆ ಗೊತ್ತಿರುವುದು ಛೇದ ಮಾತ್ರ,
ಗೆರೆಯ ಕೆಳಗೆ ಕೂತು ದಪ್ಪವಾಗುವ ಅಂಕಿ.

ಅರೆಕಾಲಿಗೆ ಇಳಿದಾಗ ತೊಡಕು.
ಆರು ಜನ, ಹಳದಿ ಏಳೂವರೆ.
ಅರ್ಧ ಹಳದಿಯನ್ನು ಯಾವ ಚಾಕುವಿನಲ್ಲಿ ಕೊಯ್ಯುವುದು?
ಪಕ್ಕದಲ್ಲಿ ಇರುವೆಯಂಥ ಅಕ್ಷರ:
"ಎಂಟು ಹಾಕು. ತಪ್ಪೊಪ್ಪಿಗೆಯಲ್ಲಿ ಹೇಳಿದರಾಯಿತು."

ಉಳಿದ ಬಿಳಿಯೆಲ್ಲ ತಲೆವಸ್ತ್ರದ ಗಂಜಿಗೆ ಹೋಗುತ್ತಿತ್ತಂತೆ.
ತಲೆ ಕಡಿಮೆಯಾದ ಹಾಗೆ ಬಿಳಿಯೂ ಕಡಿಮೆ.
ಆ ಒಂದು ಲೆಕ್ಕ ಮಾತ್ರ
ಯಾರೂ ಮಾಡದೆ ತಾನೇ ಸರಿಹೋಗುತ್ತಿತ್ತು.

ಒಲೆಯ ಹೊತ್ತನ್ನು ಯಾರೂ ಮುಟ್ಟಿಲ್ಲ.
ನಾನು ಮುಟ್ಟಿದೆ, ಜಾಣೆ.
ಜಪಸರವನ್ನೂ ಹನ್ನೆರಡರಲ್ಲಿ ಐದು ಮಾಡಿ ತಟ್ಟೆ ಹೊರಗೆಳೆದೆ.
ನಡುವೆಲ್ಲ ಹಸಿ ಹಸಿ, ಚಮಚ ಮುಳುಗಿತು.
ಬೆಂಕಿಗೆ ಮಗ್ಗಿ ಬರುವುದಿಲ್ಲ.

ಕೆಳಗೆ ವೀಸ. ಹದಿನಾರರಲ್ಲೊಂದು.
ಮೂವರಿಗೆ ಹಳದಿ ನಾಲ್ಕು, ವಿವರಣೆ ಇಲ್ಲ.
ಅದಕ್ಕೂ ಕೆಳಗೆ, ಮಂಡಿಯ ಮೇಲಿಟ್ಟು ಬರೆದಂತೆ ಓರೆಯಾಗಿ:
ವೀಸದ ಮೂರರಲ್ಲೊಂದು.
ಎವುಫೇಮಿಯ ಎಂದು ಸಹಿ,
ಯಾರಿಗೆ ತೋರಿಸಲೆಂದೋ.
ಹಳದಿ ಒಂದೂಕಾಲು. ಸಕ್ಕರೆ ಅರೆಕಾಲು ರಾತಲು.
ಅರವತ್ತು ಹಳದಿ ಹಿಡಿಯುವ ತಾಮ್ರದ ಕೊಪ್ಪರಿಗೆಯ ತಳದಲ್ಲಿ
ಅಷ್ಟನ್ನು ಅವಳು ಹೇಗೆ ಕಲಸಿದಳು?
ಅಥವಾ ಅದನ್ನು ಪಕ್ಕಕ್ಕಿಟ್ಟು
ಕಾಫಿಯ ಬಟ್ಟಲಲ್ಲೇ ಕಲಸಿದಳೋ.

ಅಲ್ಲಿಗೆ ಮುಗಿಯಬೇಕಿತ್ತು. ಮುಗಿದಿಲ್ಲ.
ಅದೇ ಓರೆ ಅಕ್ಷರದಲ್ಲಿ ಇನ್ನೊಂದು ಸಾಲು:
ಇದರ ಎರಡರಷ್ಟು.

ಇಡೀ ಪುಟದಲ್ಲಿ ಲೆಕ್ಕ ಮೇಲಕ್ಕೆ ಹತ್ತಿದ ಜಾಗ ಅದೊಂದೇ.
ಯಾರು ಬಂದಿದ್ದರೋ.
ಬಾವಿಯ ಹಗ್ಗ ಬದಲಿಸಲು ಬಂದವನೋ,
ಮಠದ ಮಂಚ, ಮೇಜು, ಗಂಟೆಗಳ ಪಟ್ಟಿ ಬರೆದುಕೊಳ್ಳಲು
ಸರ್ಕಾರ ಕಳಿಸಿದ ಗುಮಾಸ್ತನೋ.
ಹಳದಿ ಎರಡೂವರೆ ಆಗಬೇಕು. ಮೂರು ಎಂದು ಬರೆದಿದ್ದಾಳೆ.
ತಪ್ಪೊಪ್ಪಿಗೆಯ ಮಾತಿಲ್ಲ.

ಬೆಲ್ಮೀರೊ ಹಲ್ಲು ಕೆದಕುತ್ತ ಬಂದ.
"ಆಯಿತೇ?"
"ಇನ್ನೊಂದು ಸಲ ಬೇಯಿಸಬೇಕು."
ಹಸಿ ತಟ್ಟೆ ನೋಡಿ ಏನೋ ಗೊಣಗಿ
ಬಾದಾಮಿಯ ದರ ಹೇಳಿದ.

ಅವನು ಹೋದ ಮೇಲೆ ಪೆನ್ಸಿಲು ಚೂಪು ಮಾಡಿ
ಅಂಚಿನಲ್ಲಿ ಉಳಿದ ಬೆರಳಗಲ ಜಾಗದಲ್ಲಿ ಬರೆದೆ:
ಹನ್ನೆರಡರಲ್ಲಿ ಐದು.
ಚಕ್ಕೆಗೆ ಬಂದಾಗ ಕೈ ತಡೆಯಿತು.
ಮೇಲಿಂದ ಕೆಳಗೆ ಮತ್ತೊಮ್ಮೆ ನೋಡಿದೆ.
ಮುಕ್ಕಾಲಿನವಳಾಗಲಿ, ಅರೆಯವಳಾಗಲಿ, ಎವುಫೇಮಿಯಳಾಗಲಿ
ಅದನ್ನು ಮುರಿದಿಲ್ಲ.

ಚಕ್ಕೆ, ಒಂದು ಕಡ್ಡಿ.