ಹಿಂದಕ್ಕೋಡಿದ ರೀಲು

ಲಾಡ್ಲೇಸಾಬನ ಸರಕಾರಿ ಜೀಪು
ಶಹಾಬಾದದ ಕ್ವಾರಿ ದಂಡೆಗೆ ಬಂದು ನಿಂತಾಗ
ಹೊತ್ತು ಮುಳುಗಿತ್ತು; ಬಂಡೆ ಮಾತ್ರ
ಹಗಲು ಕುಡಿದ ಬಿಸಿಲನ್ನು ಇನ್ನೂ ಕಕ್ಕುತ್ತಿತ್ತು.
ಹಸಿ ಗೋಣಿತಟ್ಟು ಹಾಸಿ ಕೂತೆವು.

ತೂಕದ ಶೆಡ್ಡಿನ ಸುಣ್ಣದ ಗೋಡೆಗೆ
ಮೊದಲು ಗೀರು, ಆಮೇಲೊಂದು ಕೂದಲು, ಆಮೇಲೆ
ಬಿಳಿ. ಬರೀ ಬಿಳಿ.
‘ಉಪ್ಪೇನೋ?’ ಅಂದಳು ಸಾಬಮ್ಮ.
‘ಬರ್ಫ, ಯವ್ವಾ. ನೆಲಾ ಎಲ್ಲಾ ಬರ್ಫ.’
ವಾಡಿಯಿಂದ ಬರುವಷ್ಟರಲ್ಲಿ ಅರ್ಧ ನೀರಾಗುವ
ಐಸಿನ ಗಡ್ಡೆಯನ್ನಷ್ಟೇ ಕಂಡ ನಾವು
ನಂಬಲಿಲ್ಲ.

ಮೂಕ ಚಿತ್ರ. ದನಿ ಲಾಡ್ಲೇಸಾಬನದೇ:
‘ಹಕ್ಕಿ ಅದ, ಹಾರಂಗಿಲ್ಲ.
ಹೊಟ್ಟಿ ಮ್ಯಾಲ ಜಾರಕೋತ ಹೋಗ್ತದ.
ಗಿಡಾ ಇಲ್ಲ, ಕಡ್ಡಿ ಇಲ್ಲ,
ಗೂಡಂದ್ರ ಕಲ್ಲೇ.’

ಒಂದು ಗಂಡು ಬಂತು, ಕೊಕ್ಕಿನಲ್ಲಿ ಹರಳು ಕಚ್ಚಿ.
ಹೆಣ್ಣಿನ ಮುಂದಿಟ್ಟು ಬಾಗಿತು.
ಹಗಲೆಲ್ಲ ಫರಸಿ ಹೊತ್ತವರು
ಕಲ್ಲನ್ನು ಹೀಗೂ ಕೊಡಬಹುದೆಂದು
ಎಣಿಸಿರಲಿಲ್ಲ. ಕೆಮ್ಮು ಕೂಡ ನಿಂತಿತು.

ಅದು ಇನ್ನೊಂದು ತರಲು ಹೋದದ್ದೇ ತಡ
ಪಕ್ಕದ ಗೂಡಿನದು, ಆಕಾಶ ನೋಡುವವನಂತೆ ನಟಿಸಿ,
ಹರಳು ಎಗರಿಸಿತು!
‘ಥೇಟ್ ನಮ್ಮ ಮುಕಾದಮನ ನಡಿಗಿ!’
ಕೂಗಿದವನು ಮಾಪಣ್ಣ. ನಗು
ಕ್ವಾರಿಯ ತಳಕ್ಕೆ ಬಿದ್ದು ಮರಳಿ ಬಂತು.
ಮುಕಾದಮನೂ ನಕ್ಕ, ತುಸು ತಡವಾಗಿ.

‘ಹಿಡಿಕಿ ತಿರುವಿ ತಗದಾನ ಇದನ್ನ ಒಬ್ಬ ದೊರಿ.
ಥಂಡಿಗಿ ಬೆರಳಿನ ತೊಗಲು
ಕಬ್ಬಿಣಕ ಅಂಟಿ ಕಿತ್ತಬಂತಂತ.’
‘ಅವಗ ದಿನಕ್ಕ ಎಷ್ಟ ಕೂಲಿ?’
ಲಾಡ್ಲೇಸಾಬನಿಗೆ ಗೊತ್ತಿರಲಿಲ್ಲ.
ಹಿಮದ ಮೇಲೆ ಒಮ್ಮೆ ಅವನ ನೆರಳು ಬಿತ್ತು, ಟೋಪಿಯ ಸಮೇತ;
ಹಕ್ಕಿಯೊಂದು ಬಂದು ಅದನ್ನು ಕುಕ್ಕಿ ನೋಡಿತು.

ರೀಲು ಸುತ್ತುವಾಗ ದೀಪ ಆರಿಸಬೇಡ ಎಂದು
ಹುಡುಗರು ಗಂಟುಬಿದ್ದರು.
ಎಲ್ಲ ಹಿಂದು ಹಿಂದಕ್ಕೆ ನಡೆದವು.
ಕಳ್ಳ ಬಂದು, ಕದ್ದದ್ದನ್ನು ಇದ್ದಲ್ಲೇ ಇಟ್ಟ.
ಚಪ್ಪಾಳೆ. ಆದರೆ ಆಮೇಲೆ
ಕೊಟ್ಟವನೂ ಬಂದ, ಹಿಂದು ಹಿಂದಾಗಿ,
ಕೊಟ್ಟದ್ದನ್ನು ಎತ್ತಿಕೊಳ್ಳಲು ಬಾಗಿದ.
‘ನಿಂದ್ರಸು!’ ಸಾಬಮ್ಮ ಎದ್ದೇಬಿಟ್ಟಿದ್ದಳು.
‘ಇಲ್ಲೇ ನಿಂದ್ರಸು, ಸಾಬಾ.’

ನಿಲ್ಲಿಸಿದ.
ಬಾಗಿದ ಹಕ್ಕಿಯ ಎದೆಯಲ್ಲಿ
ಕಂದು ಚುಕ್ಕೆ ಮೂಡಿ, ಗುಳ್ಳೆಯೆದ್ದು, ಅಗಲವಾಗಿ
ಗೋಡೆ ತುಂಬ ಬರ್ಫ ಕರಗಿಹೋಯಿತು.
ಸುಟ್ಟ ವಾಸನೆ. ಕತ್ತಲು. ಮತ್ತೆ ಅದೇ ಸೆಕೆ.

ಮರುದಿನ ಸೇಡಂನಲ್ಲಿ ಅದೇ ರೀಲು ಓಡಿತಂತೆ,
ನಾಕು ಬೆರಳಷ್ಟು ಕತ್ತರಿಸಿ ಅಂಟಿಸಿ.
ಅಲ್ಲಿಯವರಿಗೆ
ಕಳ್ಳತನವಷ್ಟೇ ಕಂಡಿತಂತೆ.