ನಾಲ್ಕಕ್ಷರದ ಜಾಗ

ತಾಡದೇವದ ಡಬ್ಬಿಂಗ್ ಥಿಯೇಟರಿನಲ್ಲಿ
ಸಾಲಿಗೆ ಎಪ್ಪತ್ತೈದು ಪೈಸೆಯಂತೆ ಹಿಂದಿ ಮಾತು ಬರೆಯುತ್ತಿದ್ದೆ,
ಎಪ್ಪತ್ತೊಂಬತ್ತರಲ್ಲಿ. ಹೊರಗೆ ಬಸ್ಸು ಹಾರ್ನ್ ಹೊಡೆದರೆ ಟೇಕ್ ಹಾಳು.
ಜಪಾನಿನ ರಾಕ್ಷಸರು ತಗಡಿನ ಡಬ್ಬಿಯಲ್ಲಿ ಬರುತ್ತಿದ್ದರು,
ಹಾಂಗ್‌ಕಾಂಗಿನಲ್ಲಿ ಯಾರೋ ಇಂಗ್ಲಿಷಿಗೆ ತಂದ ಹಾಳೆಗಳ ಜೊತೆ.
ಹಾಳೆಯ ಮೂಲೆಯಲ್ಲಿ ಯಾವಾಗಲೂ ಒಂದೇ ಹೆಸರು:
ತೊಕುಜಿರೋ ಹನಾವಾ.

ತೊಂಬತ್ತೆರಡರಲ್ಲಿ ಆತ ಮುಂಬಯಿಗೆ ಬಂದ.
ಫೋರ್ಟಿನ ಒಂದು ಸಣ್ಣ ಹಾಲು, ಒಂಬತ್ತು ಜನ,
ಅದರಲ್ಲಿ ಇಬ್ಬರು ಫ್ಯಾನಿನ ಗಾಳಿಗೆ ಬಂದವರು.
ರೀಲು ಹಚ್ಚುವವರೆಗೆ ಕತೆ ಹೇಳಿದ,
ದುಭಾಷಿ ಹುಡುಗಿ ಮೃದುಲಾ ಕೇಳಕರ್ ಅವಸರದಲ್ಲಿ ಹಿಂದಿ ಮಾಡಿದಳು:

ಹತ್ತೊಂಬತ್ತು ವರ್ಷಕ್ಕೆ ನಲವತ್ತೊಂದು ಚಿತ್ರ.
ಒಂದಕ್ಕೆ ಐದು ದಿನ, ಬಿಸಿನೀರ ಬುಗ್ಗೆಯ ಊರಲ್ಲಿ ಒಂದು ಲಾಡ್ಜು,
ಬಾಗಿಲಾಚೆ ಹಾಳೆಗಾಗಿ ಕಾದು ಕೂತ ನಿರ್ಮಾಪಕರ ಹುಡುಗ.
ಎರಡು ತಲೆ ಬರೆದರೆ ಒಂದೇ ತಲೆ ಬರುತ್ತಿತ್ತು, ರಬ್ಬರಿನ ರೇಟು ಹಾಗೆ.
ಪಟ್ಟಣ ಸುಡಲಿ ಎಂದರೆ,
‘ಹೋದ ಚಿತ್ರದ ಬೆಂಕಿ ಮಿಕ್ಕಿದೆ, ಅದನ್ನೇ ಹಾಕೋಣ.’
ಆಮೇಲೆ ಮಕ್ಕಳಿಗೆ ಅದು ಇಷ್ಟವಾಯಿತು. ಕುಣಿಯಿತು.
ಕೊನೆಗೆ ಟೀವಿಯಲ್ಲಿ ಸೋಯಾ ಸಾಸ್ ಮಾರಿತು.
ಆ ಜಾಹೀರಾತೂ ನಾನೇ ಬರೆದದ್ದು, ಅಂದ ಮುದುಕ, ನಾಚದೆ,
ದುಡ್ಡು ಹೊತ್ತಿಗೆ ಸರಿಯಾಗಿ ಕೊಟ್ಟರು.

ದೀಪ ಆರಿತು. ಅವನ ಮೊದಲ ಚಿತ್ರ, ನನ್ನ ಹಿಂದಿ.
ಸಂಜೆಯ ಕೊಲ್ಲಿ. ಬಲೆ ಹೊಲಿಯುವ ಮುದಿ ಬೆಸ್ತ.
ನೀರು ಗುಡ್ಡೆಯಾಗಿ ಏಳುತ್ತದೆ. ಅವನೂ ಏಳುತ್ತಾನೆ,
ಬೆನ್ನು ನಮ್ಮ ಕಡೆ, ತುಟಿಯ ಗೊಡವೆಯಿಲ್ಲ.
ಇಂಗ್ಲಿಷ್ ಹಾಳೆಯಲ್ಲಿ ‘ಕೂಗುತ್ತಾನೆ’ ಎಂದಷ್ಟೇ ಇತ್ತು.
ನಾಲ್ಕಕ್ಷರದ ಜಾಗ. ನಾನು ತುಂಬಿದ್ದೆ:
ಭಾಗೋ! ಭಾಗೋ!

ಯಾರಿಗೆ? ದಡದಲ್ಲಿ ಇನ್ನೊಂದು ನರಪಿಳ್ಳೆಯಿಲ್ಲ.
ಹದಿಮೂರು ವರ್ಷ ಇದು ಹೊಳೆದಿರಲಿಲ್ಲ ನನಗೆ.

ಹನಾವಾ ಬಾಗಿ ಹುಡುಗಿಯನ್ನು ಕೇಳಿದ, ನಕ್ಕ.
ನಾನು ಬರೆದದ್ದು ಒಂದೇ ಪದ, ಅಂದ: ಓಕಾಯೆರಿ.
ಸ್ವಾಗತ, ಅಂದಳು ಮೃದುಲಾ. ಅಲ್ಲ, ಅಲ್ಲ,
ವಾಪಸ್ ಆ ಗಯೇ... ಅದೂ ಅಲ್ಲ.
ಹೊರಗೆ ಹೋದವರು ಹೊಸ್ತಿಲಿಗೆ ಬಂದಾಗ
ಒಳಗಿದ್ದವರು ಅನ್ನುತ್ತಾರಲ್ಲ, ಅದು.

ಡೊಂಬಿವಲಿಯ ಕೊನೆಯ ಲೋಕಲ್ಲು, ಚಾಳಿನ ಮೂರನೇ ಮಾಳಿಗೆ,
ಚಿಲಕಕ್ಕೆ ಕೈ ಹಾಕುವ ಮೊದಲೇ
ಅರೆನಿದ್ದೆಯಲ್ಲಿ ನಮ್ಮವ್ವ ಅನ್ನುತ್ತಿದ್ದಳು, ಅಕ್ಕಲಕೋಟೆಯ ದನಿಯಲ್ಲಿ:
ಬಂದೇನವಾ.
ಕೇಳಿದ್ದಲ್ಲ ಅದು. ಉತ್ತರ ಕೊಟ್ಟವರೂ ಇಲ್ಲ.

ಕತ್ತಲಲ್ಲಿ ಬೆರಳು ಮಡಿಸಿ ಎಣಿಸಿದೆ.
ನಾಲ್ಕೇ.

ಅಪ್ಪನ ದೋಣಿ ಹೋದದ್ದು ಅದೇ ಕೊಲ್ಲಿಯಿಂದ,
ಅಂದ ಹನಾವಾ, ರಬ್ಬರಿನ ರೇಟು ಹೇಳಿದ ದನಿಯಲ್ಲೇ,
ಮತ್ತೆ ಪರದೆಗೆ ತಿರುಗಿದ.

ಅಲ್ಲಿ, ನನ್ನ ಭಾಗೋ ಮುಗಿದ ಮೇಲೆ,
ದಡಕ್ಕೆ ಕಾಲಿಟ್ಟ ರಾಕ್ಷಸ
ಒಂದು ಗಳಿಗೆ ನಿಂತು ತಲೆ ತಗ್ಗಿಸುತ್ತದೆ.
ಒಳಗಿದ್ದ ಮನುಷ್ಯ ಎಡವಿರಬೇಕು
ಎಂದುಕೊಂಡಿದ್ದೆ ನಾನು.